ನನಗೆ ಹುಚ್ಚು ಹಿಡಿದಿದೆಯೇ, ಡಾಕ್ಟರೇ?

ಪ್ರಶ್ನೆ: ನನಗೆ 27 ವರ್ಷ. ರಬಕವಿ-ಬನಹಟ್ಟಿಯಲ್ಲಿ ಸೀರೆಯ ಅಂಚು, ಸೆರಗಿನ ವಿನ್ಯಾಸವನ್ನು ಕಂಪ್ಯೂಟರಿನಲ್ಲಿ ಬಿಡಿಸುತ್ತೇನೆ. ರಾತ್ರಿ ಅದೇ ಕಂಪ್ಯೂಟರಿನಲ್ಲಿ ವಿಡಿಯೋ ಗೇಮ್, ಕಾರ್ಟೂನ್ ಪಾತ್ರಗಳ ಮೈಯನ್ನು ಬಲೂನಿನಂತೆ ಉಬ್ಬಿಸಿ ಚಿತ್ರ ತಿದ್ದುತ್ತೇನೆ. ಅವನ್ನು ನೋಡಿದರೆ ಕಾಮೋದ್ರೇಕವಾಗುತ್ತದೆ. ಕೆಲವನ್ನು ಬೇರೆ ಹೆಸರಿನಲ್ಲಿ ಅಂತರ್ಜಾಲಕ್ಕೂ ಹಾಕಿದ್ದೇನೆ. ಮನೆಯಲ್ಲಿ ಕನ್ಯೆ ನೋಡುತ್ತಿದ್ದಾರೆ. ನನಗೆ ಹುಚ್ಚು ಹಿಡಿದಿದೆಯೇ?

ಉತ್ತರ: ಇಲ್ಲ. ಇದನ್ನು ಬರೆಯಲು ನೀವು ಎಷ್ಟು ದಿನ ಹಿಂಜರಿದಿರಬಹುದೆಂದು ಬಲ್ಲೆ. ಇಂಥದ್ದೇ ಸಂಕಟ ಹೊತ್ತು ಬೆಳಗಾವಿಯ ನನ್ನ ಕೋಣೆಗೆ ಬಂದ ಯುವಕನೊಬ್ಬ ಅರ್ಧ ಗಂಟೆ ಮೊಬೈಲನ್ನು ಮೇಜಿನ ಮೇಲೆ ಬೋರಲು ಹಾಕಿ, ಅದರ ಮೇಲೆ ಅಂಗೈ ಒತ್ತಿಕೊಂಡೇ ಕುಳಿತಿದ್ದ.

ಗಾಳಿ ನುಂಗಿ ಊದಿಕೊಂಡು ತೇಲಿಹೋಗುವ ಪಾತ್ರ ಕಾರ್ಟೂನುಗಳಲ್ಲಿ ಹಳೆಯ ತಮಾಷೆ. ಅಂಥ ಆಕಾರಕ್ಕೇ ಕೆಲವರ ಆಸೆ ಅಂಟಿಕೊಳ್ಳುತ್ತದೆ. 2022ರಿಂದ ಜಾರಿಯಲ್ಲಿರುವ ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿಯ 11ನೇ ಆವೃತ್ತಿ ಫೆಟಿಶಿಸಂ ಅನ್ನು, ಅಂದರೆ ವಸ್ತುವಿನಂಥದ್ದಕ್ಕೆ ಕಾಮಾಸಕ್ತಿ ಅಂಟಿಕೊಳ್ಳುವುದನ್ನು, ಕಾಯಿಲೆಗಳ ಸಾಲಿನಿಂದ ತೆಗೆದಿದೆ. ಆದ್ದರಿಂದ ಏನನ್ನು ನೋಡುತ್ತೀರಿ ಎಂಬುದಕ್ಕಿಂತ ಅದು ನಿಮ್ಮಿಂದ ಏನನ್ನು ಕಿತ್ತುಕೊಳ್ಳುತ್ತಿದೆ ಎಂದು ಕೇಳುತ್ತೇನೆ. ನಿದ್ದೆಯೇ? ಕೆಲಸವೇ? ನಿಲ್ಲಿಸಬೇಕೆಂದರೂ ನಿಲ್ಲಿಸಲು ಆಗುತ್ತಿಲ್ಲವೇ? ಹೌದಾದರೆ ಚಿಕಿತ್ಸೆ ಬೇಕು.

ಒಂದು ವಿಷಯದಲ್ಲಿ ಮಾತ್ರ ನನ್ನಿಂದ ಯಾವ ರಿಯಾಯಿತಿಯೂ ಇಲ್ಲ. ಗೇಮು, ಕಾರ್ಟೂನುಗಳ ಪಾತ್ರಗಳಲ್ಲಿ ಅನೇಕವು ಶಾಲೆಯ ಮಕ್ಕಳು. ಅವುಗಳನ್ನು ಇದಕ್ಕೆ ಬಳಸಲೇಬೇಡಿ. ‘ಬರೀ ಚಿತ್ರವಲ್ಲವೇ’ ಎಂಬ ಸಮಾಧಾನವನ್ನು ನಂಬಬೇಡಿ. ಮಕ್ಕಳನ್ನು ಅಶ್ಲೀಲವಾಗಿ ತೋರಿಸುವ ಡಿಜಿಟಲ್ ಚಿತ್ರವನ್ನು ರಚಿಸುವುದು, ಹುಡುಕುವುದು, ಹಂಚುವುದು ಮಾಹಿತಿ ತಂತ್ರಜ್ಞಾನ ಕಾಯ್ದೆಯ 67ಬಿ ಕಲಮಿನಡಿ ಅಪರಾಧ. ಮೊದಲ ಸಲಕ್ಕೇ 5 ವರ್ಷದವರೆಗೆ ಜೈಲು, 10 ಲಕ್ಷ ರೂಪಾಯಿವರೆಗೆ ದಂಡ. ಮನಸ್ಸು ಮಕ್ಕಳ ಕಡೆಗೇ ಎಳೆಯುತ್ತಿದ್ದರೆ ಅದು ಬೇರೆಯೇ ಸಂಗತಿ, ನಾಳೆಗೆ ತಳ್ಳದೆ ವೈದ್ಯರನ್ನು ಕಾಣಿ.

ವಯಸ್ಕ ಪಾತ್ರಗಳೇ ಆದರೂ ಅಶ್ಲೀಲ ಚಿತ್ರವನ್ನು ಅಂತರ್ಜಾಲದಲ್ಲಿ ಪ್ರಕಟಿಸುವುದಕ್ಕೆ 67ನೇ ಕಲಮಿನಡಿ ಶಿಕ್ಷೆಯಿದೆ. ಪಾತ್ರದ ಹಕ್ಕು ಅದನ್ನು ಸೃಷ್ಟಿಸಿದವರದು. ಅಂಚಿನ ವಿನ್ಯಾಸವೊಂದನ್ನು ಯಾರಾದರೂ ಕದ್ದರೆ ಮಗ್ಗದವರಿಗೆ ಎಷ್ಟು ನೋವಾಗುತ್ತದೆ ಎಂದು ನಿಮಗೆ ನಾನು ಹೇಳಬೇಕೇ? ಹಾಕಿರುವುದನ್ನು ಅಳಿಸಿಬಿಡಿ.

ಇನ್ನು ಮದುವೆ. ಕನ್ಯೆ ನೋಡಲು ಹೋದ ದಿನವೇ, ಅವಲಕ್ಕಿ ತಟ್ಟೆಯ ಮುಂದೆ ಇದನ್ನೆಲ್ಲ ಹೇಳಬೇಕಿಲ್ಲ. ಆದರೆ ಈ ಚಿತ್ರಗಳಿಲ್ಲದೆ ಆಸೆಯೇ ಹುಟ್ಟದು ಎಂಬ ಸ್ಥಿತಿಯಿದ್ದರೆ ನಿಶ್ಚಿತಾರ್ಥಕ್ಕೆ ಮೊದಲೇ ಆಪ್ತಸಮಾಲೋಚನೆ ಮಾಡಿಸಿಕೊಳ್ಳಿ. ಬರುವ ಹುಡುಗಿಗೆ ತನ್ನಲ್ಲೇ ಏನೋ ಕೊರತೆಯಿದೆ ಎನಿಸಬಾರದು.

ಧಾರವಾಡದ ಸರ್ಕಾರಿ ಮಾನಸಿಕ ಆರೋಗ್ಯ ಸಂಸ್ಥೆ ಡಿಮ್ಹಾನ್ಸ್‌ಗೆ ಹೋಗಿಬರಬಹುದು. ಅಲ್ಲಿ ಹೇಳಿದ್ದು ಊರಿಗೆ ತಲುಪೀತೆಂಬ ಭಯ ಬೇಡ. ಗೋಪ್ಯತೆಯನ್ನು 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯೇ ನಿಮ್ಮ ಹಕ್ಕಾಗಿಸಿದೆ. ಮುಖ ತೋರಿಸಲು ಸಂಕೋಚವಾದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್‌ನ 14416ಕ್ಕೆ ಕರೆ ಮಾಡಿ. ಶುಲ್ಕವಿಲ್ಲ, ಕನ್ನಡದಲ್ಲೇ ಮಾತನಾಡಬಹುದು.