ಆ ಮಾತು ಮೋರಿಸ್ ಜಾರ್ ಅವರದಲ್ಲ

ರಾಮನಗರದ ಓದುಗರೊಬ್ಬರ ಪತ್ರದ ಸಾರ: ‘ನಮ್ಮ ಬೆಟ್ಟಗಳಲ್ಲಿ ಚಿತ್ರೀಕರಣವಾದ “ಎ ಪ್ಯಾಸೇಜ್ ಟು ಇಂಡಿಯಾ” ಚಿತ್ರವನ್ನು ನಮ್ಮ ಫಿಲ್ಮ್ ಸೊಸೈಟಿಯಲ್ಲಿ ತೋರಿಸುತ್ತಿದ್ದೇವೆ. ಅದರ ಸಂಗೀತಕ್ಕೆ ಆಸ್ಕರ್ ಪಡೆದ ಫ್ರೆಂಚ್ ಸಂಗೀತ ನಿರ್ದೇಶಕ ಮೋರಿಸ್ ಜಾರ್ ಬಗ್ಗೆ ಒಂದು ಪುಟದ ಕರಪತ್ರ ಹಂಚುವ ಯೋಚನೆ ಇದೆ. “ನಾನು ಸಾಯುವಾಗ ನನಗೊಬ್ಬನಿಗೇ ಕೇಳಿಸುವ ಕೊನೆಯ ವಾಲ್ಟ್ಸ್ (ಮೂರೆಣಿಕೆಯ ತಾಳದ ನೃತ್ಯಸಂಗೀತ) ಒಂದು ತಲೆಯೊಳಗೆ ನುಡಿಯುತ್ತಿರುತ್ತದೆ” ಎಂಬ ಅವರ ಮಾತನ್ನು ಮೇಲ್ಭಾಗದಲ್ಲಿ ಹಾಕಬಹುದೆ? ಅವರ ಜೀವನದ ವಿವರವನ್ನೂ, ಪ್ರದರ್ಶನಕ್ಕೆ ಮುಂಚೆ ಯಾವ ಸಂಗೀತ ಕೇಳಿಸಬಹುದು ಎಂಬುದನ್ನೂ ತಿಳಿಸಿ.’

ಸಂಪಾದಕರ ಉತ್ತರ:

ಮಾನ್ಯರೆ, ಆ ಮಾತನ್ನು ದಯವಿಟ್ಟು ಹಾಕಬೇಡಿ. ಜಾರ್ ಅದನ್ನು ಆಡಿದ್ದೇ ಇಲ್ಲ. 2009ರ ಮಾರ್ಚ್ ಕೊನೆಯಲ್ಲಿ ಅವರು ತೀರಿಕೊಂಡ ಸುದ್ದಿ ಬಂದ ಕೆಲವೇ ಗಂಟೆಗಳಲ್ಲಿ ಡಬ್ಲಿನ್‌ನ ವಿದ್ಯಾರ್ಥಿಯೊಬ್ಬ ಅದನ್ನು ತಾನೇ ಹೊಸೆದು ವಿಕಿಪೀಡಿಯಕ್ಕೆ ಸೇರಿಸಿದ. ಪತ್ರಿಕೆಗಳು ಪರಿಶೀಲಿಸದೆ ಎತ್ತಿಕೊಳ್ಳುತ್ತವೆಯೇ ಎಂದು ನೋಡುವುದು ಅವನ ಉದ್ದೇಶ. ಆಧಾರವಿಲ್ಲವೆಂದು ವಿಕಿಪೀಡಿಯದವರು ಅಳಿಸಿದರು. ಅಷ್ಟರಲ್ಲಿ ಬ್ರಿಟನ್, ಆಸ್ಟ್ರೇಲಿಯಾ, ಭಾರತದ ಪತ್ರಿಕೆಗಳ ಶ್ರದ್ಧಾಂಜಲಿಗಳಲ್ಲಿ ಅದು ಸೇರಿಹೋಗಿತ್ತು. ತಿಂಗಳ ಮೇಲೆ ಆ ವಿದ್ಯಾರ್ಥಿಯೇ ಬರೆದು ತಿಳಿಸುವವರೆಗೂ ಯಾರಿಗೂ ಅನುಮಾನ ಬರಲಿಲ್ಲ. ಬ್ರಿಟನ್ನಿನ ‘ಗಾರ್ಡಿಯನ್’ ಪತ್ರಿಕೆ ತಪ್ಪನ್ನು ಒಪ್ಪಿಕೊಂಡು ತಿದ್ದಿಕೊಂಡಿತು. ಆ ಮಾತು ಇಂದಿಗೂ ಅಲ್ಲಲ್ಲಿ ಓಡಾಡುತ್ತಿದೆ.

ಅವರ ಕೆಲಸವೇ ಬೇಕಾದಷ್ಟು ಹೇಳುತ್ತದೆ. ಜಾರ್ ಹುಟ್ಟಿದ್ದು 1924ರ ಸೆಪ್ಟೆಂಬರ್ 13ರಂದು, ಲಿಯೋನ್ ನಗರದಲ್ಲಿ. ತಂದೆ ರೇಡಿಯೊದ ತಾಂತ್ರಿಕ ವಿಭಾಗದಲ್ಲಿದ್ದವರು. ಪ್ಯಾರಿಸ್ಸಿನ ಸಾರ್ಬಾನ್ ವಿಶ್ವವಿದ್ಯಾಲಯದಲ್ಲಿ ಎಂಜಿನಿಯರಿಂಗ್‌ಗೆ ಸೇರಿದ ಮಗ ಅದನ್ನು ಬಿಟ್ಟು ಪ್ಯಾರಿಸ್ ಕನ್ಸರ್ವೇಟರಿಯಲ್ಲಿ ತಾಳವಾದ್ಯ ಕಲಿಯಲು ಕುಳಿತರು. ಪಿಟೀಲೂ ಅಲ್ಲ, ಪಿಯಾನೋವೂ ಅಲ್ಲ, ತಾಳವಾದ್ಯ! ಅವರ ಇಡೀ ಸಂಗೀತದ ಬೀಗದ ಕೈ ಇದೇ ಎನ್ನುವುದು ನಮ್ಮ ಅಭಿಪ್ರಾಯ.

1951ರಲ್ಲಿ ಫ್ರೆಂಚ್ ರಂಗನಿರ್ದೇಶಕ ಜಾನ್ ವಿಲಾರ್ ಅವರ ರಾಷ್ಟ್ರೀಯ ಜನಪ್ರಿಯ ರಂಗಭೂಮಿಗೆ ಸಂಗೀತ ನಿರ್ದೇಶಕರಾಗಿ ಹೋಗಿ ಸುಮಾರು ಹನ್ನೆರಡು ವರ್ಷ ಅಲ್ಲೇ ದುಡಿದರು. ಬಯಲು ರಂಗದಲ್ಲಿ ದೊಡ್ಡ ವಾದ್ಯಮೇಳ ಇರುವುದಿಲ್ಲ. ನಾಲ್ಕಾರು ವಾದ್ಯಗಳಲ್ಲೇ ಕೊನೆಯ ಸಾಲಿನವರೆಗೂ ನಾದ ಮುಟ್ಟಬೇಕು. ಅವರು ವಿಲಾರ್‌ಗಾಗಿ ಬರೆದ ತುತ್ತೂರಿಯ ಕರೆ ಫ್ರಾನ್ಸಿನ ಅವಿನ್ಯೋನ್ ನಾಟಕೋತ್ಸವದಲ್ಲಿ ಆಟ ಶುರುವಾಗುವ ಮುನ್ನ ಈಗಲೂ ಮೊಳಗುತ್ತದೆ. ಸಿನಿಮಾಕ್ಕೆ ಕರೆತಂದವರು ನಿರ್ದೇಶಕ ಜಾರ್ಜ್ ಫ್ರಾಂಜು, 1952ರಲ್ಲಿ, ಒಂದು ಕಿರು ಸಾಕ್ಷ್ಯಚಿತ್ರಕ್ಕಾಗಿ.

‘ಲಾರೆನ್ಸ್ ಆಫ್ ಅರೇಬಿಯಾ’ (1962) ಅವರಿಗೆ ಸಿಕ್ಕ ಬಗೆ ಕುತೂಹಲದ್ದು. ನಿರ್ಮಾಪಕ ಸ್ಯಾಮ್ ಸ್ಪೀಗೆಲ್ ಅರಬ್ ಭಾಗಕ್ಕೆ ಸೋವಿಯತ್ ಸಂಗೀತಕಾರ ಖಚತುರಿಯಾನ್, ಬ್ರಿಟಿಷ್ ಭಾಗಕ್ಕೆ ಇಂಗ್ಲೆಂಡಿನ ಸಂಗೀತಕಾರ ಬೆಂಜಮಿನ್ ಬ್ರಿಟನ್, ಉಳಿದದ್ದಕ್ಕೆ ಜಾರ್ ಎಂದು ಲೆಕ್ಕ ಹಾಕಿದ್ದರು. ಅದು ಕೈಗೂಡದಾಗ ಅಮೆರಿಕದ ರಿಚರ್ಡ್ ರಾಜರ್ಸ್ ಬಂದರು. ರಾಜರ್ಸ್ ಕಳಿಸಿದ ಧಾಟಿಗಳು ನಿರ್ದೇಶಕ ಡೇವಿಡ್ ಲೀನ್‌ಗೆ ಹಿಡಿಸಲಿಲ್ಲ. ನಿನ್ನ ಹತ್ತಿರ ಏನಿದೆ ಎಂದು ಕೇಳಿದಾಗ ಜಾರ್ ಪಿಯಾನೋದಲ್ಲಿ ತಮ್ಮದನ್ನು ನುಡಿಸಿದರು. ಕೆಲಸ ಪೂರ್ತಿ ಅವರ ಪಾಲಾಯಿತು. ಇದು ಜಾರ್ ಅವರೇ ಸಂದರ್ಶನಗಳಲ್ಲಿ ಹೇಳಿದ್ದು. ಸುಮಾರು ಎರಡು ಗಂಟೆಯ ಸಂಗೀತಕ್ಕೆ ಸಿಕ್ಕ ಕಾಲ ಆರು ವಾರ.

ಅದರ ಆರಂಭ ಕೇಳಿ. ಮೊದಲು ಬರುವುದು ಟಿಂಪನಿ, ಅಂದರೆ ತಾಮ್ರದ ದೊಡ್ಡ ನಗಾರಿಗಳು. ಧಾಟಿ ಆಮೇಲೆ. ಮರುಭೂಮಿಯ ದೃಶ್ಯಗಳಲ್ಲಿ ತೆಳ್ಳಗೆ ತೇಲಿಬರುವ, ಯಾವ ವಾದ್ಯವೆಂದು ಗೊತ್ತಾಗದ ದನಿ ಓಂಡ್ ಮಾರ್ಟೆನೊ ಎಂಬ ವಿದ್ಯುತ್ ವಾದ್ಯದ್ದು. 1928ರಲ್ಲಿ ಪ್ಯಾರಿಸ್‌ನಲ್ಲಿ ಮೊದಲು ನುಡಿಸಿದ್ದು. ಬಲಗೈಯ ತೋರುಬೆರಳಿಗೆ ಉಂಗುರ, ಉಂಗುರಕ್ಕೆ ಕಟ್ಟಿದ ತಂತಿ. ಕೀಲಿಮಣೆಯ ಮುಂದೆ ಬೆರಳು ಜಾರಿಸಿದಂತೆ ಸ್ವರ ಏರಿಳಿಯುತ್ತದೆ, ನಮ್ಮ ಗಮಕದ ಹಾಗೆ. ಎಡಗೈ ಒಂದು ಗುಂಡಿಯ ಮೇಲೆ. ಅದನ್ನು ಒತ್ತಿದಷ್ಟೇ ದನಿ. ಒತ್ತದಿದ್ದರೆ ಬಲಗೈ ಏನು ಮಾಡಿದರೂ ನಿಶ್ಶಬ್ದ. ಒಮ್ಮೆಗೆ ಒಂದೇ ಸ್ವರ ನುಡಿಯುವ ವಾದ್ಯವಾದ್ದರಿಂದ ಜಾರ್ ಮೂರನ್ನು ಬಳಸಿದರು.

ಧ್ವನಿಮುದ್ರಣದಲ್ಲಿ ತೊಡಕಾಯಿತು. ಹೆಸರಾಂತ ನಿರ್ವಾಹಕ (ಕೈಸನ್ನೆಯಿಂದ ವಾದ್ಯಮೇಳ ನಡೆಸುವವರು) ಏಡ್ರಿಯನ್ ಬೌಲ್ಟ್ ಲಂಡನ್ ಫಿಲ್‌ಹಾರ್ಮೋನಿಕ್ ವಾದ್ಯಮೇಳದ ಮುಂದೆ ನಿಂತರು. ಕಛೇರಿಯಲ್ಲಿ ನಿರ್ವಾಹಕ ತನ್ನ ಉಸಿರಿಗೆ ತಕ್ಕಂತೆ ಕಾಲ ಹಿಗ್ಗಿಸಬಹುದು. ಸಿನಿಮಾದಲ್ಲಿ ಸೆಕೆಂಡಿಗೆ 24 ಚೌಕಟ್ಟು ಓಡುತ್ತಿರುತ್ತವೆ; ಎರಡು ಸೆಕೆಂಡ್ ತಡವಾದರೆ ಸಂಗೀತ 48 ಚೌಕಟ್ಟು ಹಿಂದೆ ಬೀಳುತ್ತದೆ, ಒಂಟೆ ಹೊರಟುಹೋದ ಮೇಲೆ ಅದರ ಸಂಗೀತ ಬರುತ್ತದೆ. ಬೌಲ್ಟ್‌ಗೆ ಅದು ಒಗ್ಗಲಿಲ್ಲ. ಬಹುಪಾಲು ನಿರ್ವಹಿಸಿದ್ದು ಜಾರ್, ಶೀರ್ಷಿಕೆಯಲ್ಲಿ ಉಳಿದದ್ದು ಬೌಲ್ಟ್ ಹೆಸರು.

‘ಡಾಕ್ಟರ್ ಜಿವಾಗೊ’ (1965) ಚಿತ್ರದಲ್ಲಿ ನಾಯಕಿ ಲಾರಾಳ ಧಾಟಿಗಾಗಿ ಬರೆದದ್ದನ್ನೆಲ್ಲ ಲೀನ್ ತಳ್ಳಿಹಾಕುತ್ತಿದ್ದರು. ಕೊನೆಗೆ, ರಷ್ಯಾವನ್ನು ಮರೆತು ಗೆಳತಿಯೊಂದಿಗೆ ಬೆಟ್ಟಕ್ಕೆ ಹೋಗಿ ಅವಳಿಗಾಗಿ ಒಂದು ಧಾಟಿ ಬರಿ ಎಂದರು. ಬಂದದ್ದು ಜಗತ್ತೆಲ್ಲ ಗುನುಗಿದ ವಾಲ್ಟ್ಸ್. ಬಾಲಲೈಕಾ ಎಂಬ ರಷ್ಯದ ತಂತಿವಾದ್ಯ ನುಡಿಸಲು ಲಾಸ್ ಏಂಜಲೀಸ್‌ನ ರಷ್ಯನ್ ಚರ್ಚೊಂದರಿಂದ ಇಪ್ಪತ್ತಕ್ಕೂ ಹೆಚ್ಚು ಜನರನ್ನು ಕರೆಸಿದರು. ಅವರಿಗೆ ಸ್ವರಲಿಪಿ ಓದಲು ಬಾರದು. ಜಾರ್ ಹದಿನಾರು ಆವರ್ತಗಳನ್ನು ಬಾಯಿಪಾಠ ಮಾಡಿಸಿದರು. ಸಂಕಲನದಲ್ಲಿ ಬೇರೆ ಧಾಟಿಗಳನ್ನು ತೆಗೆದು ಇದನ್ನೇ ಮತ್ತೆ ಮತ್ತೆ ತುಂಬಿದ್ದು ಜಾರ್‌ಗೆ ಬೇಸರ ತಂದಿತು. ಮೂರು ಗಂಟೆಯ ಚಿತ್ರ ನೋಡಿ ಮುಗಿಸುವ ಹೊತ್ತಿಗೆ ಅವರ ಬೇಸರ ನ್ಯಾಯವೆಂದು ಅನ್ನಿಸುತ್ತದೆ.

ಇನ್ನು ನಿಮ್ಮ ಊರಿನ ಚಿತ್ರ (1984). ಚಿತ್ರಕ್ಕೆ ಆಧಾರವಾದ ಕಾದಂಬರಿಯ ಮರಾಬಾರ್ ಗುಹೆಗಳಿಗೆ ಮೂಲ ಬಿಹಾರದ ಬರಾಬರ್; ಲೀನ್ ಆರಿಸಿದ್ದು ಸಾವನದುರ್ಗ ಮತ್ತು ರಾಮದೇವರ ಬೆಟ್ಟ. ಎರಡೂಮುಕ್ಕಾಲು ಗಂಟೆಯ ಚಿತ್ರದಲ್ಲಿ ಸಂಗೀತ ಸುಮಾರು 45 ನಿಮಿಷ ಮಾತ್ರ, ನುಡಿಸಿದವರು ಲಂಡನ್ನಿನ ರಾಯಲ್ ಫಿಲ್‌ಹಾರ್ಮೋನಿಕ್. ನಾಯಕಿ ಎಡೆಲಾ ಸೈಕಲ್ಲಿನಲ್ಲಿ ಹೋಗಿ ಪಾಳು ದೇಗುಲದ ಶೃಂಗಾರ ಶಿಲ್ಪಗಳನ್ನು ಕಾಣುವ ದೃಶ್ಯವನ್ನು ಗಮನಿಸಿ. ಅಲ್ಲಿ ಮಾತಿಲ್ಲ; ಅವಳೊಳಗೆ ಆಗುತ್ತಿರುವುದನ್ನು ಸಂಗೀತವೇ ಹೇಳಬೇಕಿತ್ತು. ಇದು ಜಾರ್ ಅವರ ಮೂರನೆಯ ಆಸ್ಕರ್. ಮೂರೂ ಲೀನ್ ಚಿತ್ರಗಳಿಗೇ ಬಂದವು. ಆ ವರ್ಷ ಸಂಗೀತಗಾರ ಮೊಜಾರ್ಟ್ ಕುರಿತ ‘ಅಮೇಡಿಯಸ್’ ಚಿತ್ರ ಎಂಟು ಆಸ್ಕರ್ ಬಾಚಿತ್ತು. ಮೊಜಾರ್ಟ್ ಸ್ಪರ್ಧೆಯಲ್ಲಿ ಇಲ್ಲದಿದ್ದದ್ದು ತನ್ನ ಅದೃಷ್ಟ ಎಂದು ಜಾರ್ ವೇದಿಕೆಯಲ್ಲಿ ಹೇಳಿದರು. ಉಲ್ಲೇಖ ಬೇಕೇ ಬೇಕೆಂದರೆ ಇದನ್ನು ಹಾಕಿ.

ಕರಪತ್ರದಲ್ಲಿ ನುಸುಳಬಹುದಾದ ಮೂರು ತಪ್ಪುಗಳಿವೆ. ‘ಲಾರೆನ್ಸ್’ನಲ್ಲಿ ಬರುವ ಬ್ರಿಟಿಷ್ ಸೇನೆಯ ನಡಿಗೆ ಸಂಗೀತ ಜಾರ್ ಅವರದಲ್ಲ, ಕೆನೆತ್ ಆಲ್ಫರ್ಡ್ ಎಂಬವರ ರಚನೆ. ‘ಘೋಸ್ಟ್’ (1990) ಚಿತ್ರಕ್ಕೆ ಸಂಗೀತ ಜಾರ್ ಅವರದಾದರೂ, ಕುಂಬಾರಿಕೆಯ ದೃಶ್ಯದ ‘ಅನ್‌ಚೈನ್ಡ್ ಮೆಲಡಿ’ ಅಲೆಕ್ಸ್ ನಾರ್ತ್ 1955ರಲ್ಲಿ ಮಾಡಿದ್ದು. ಮಗ ಜಾನ್ ಮಿಶೆಲ್ ಜಾರ್ ಕೂಡ ಎಲೆಕ್ಟ್ರಾನಿಕ್ ಸಂಗೀತದಲ್ಲಿ ಪ್ರಸಿದ್ಧ. ತಂದೆಯ ಹೆಸರಿನ ಕೆಳಗೆ ಮಗನ ಚಿತ್ರ ಅಚ್ಚಾಗದಂತೆ ನೋಡಿಕೊಳ್ಳಿ.

ಮುಂಚೆ ಕೇಳಿಸಲು ಎರಡು ತುಣುಕು ಸಾಕು. ಮೊದಲು ‘ಲಾರೆನ್ಸ್’ ಮುನ್ನುಡಿ, ನಾಲ್ಕು ನಿಮಿಷದ ಮೇಲೆ ಕೆಲವು ಸೆಕೆಂಡ್. ಇದನ್ನು ಬರೆದದ್ದೇ ಖಾಲಿ ಪರದೆಯ ಮುಂದೆ ಕೇಳಿಸಲು. ಆದ್ದರಿಂದ ದೀಪ ಅರ್ಧ ಉರಿಯಲಿ. ಪೂರ್ತಿ ಆರಿಸಿದರೆ ಪ್ರೊಜೆಕ್ಟರ್ ಕೆಟ್ಟಿದೆಯೆಂದು ಜನ ಗಲಾಟೆ ಶುರುಮಾಡುತ್ತಾರೆ. ಸಭಾಂಗಣದ ಸ್ಪೀಕರ್ ಚಿಕ್ಕದಿದ್ದರೆ ಟಿಂಪನಿಗೆ ಅದು ಗೊರಗುಟ್ಟುತ್ತದೆ. ಬಾಸ್ (ಕೆಳಸ್ಥಾಯಿಯ ದನಿ) ಇಳಿಸಿ, ಒಟ್ಟು ದನಿ ಏರಿಸಿ. ಆಮೇಲೆ ‘ವಿಟ್ನೆಸ್’ (1985) ಚಿತ್ರದ ಕಣಜ ಕಟ್ಟುವ ದೃಶ್ಯದ ಸಂಗೀತ. ಅದು ಪೂರ್ತಿ ಸಿಂಥೆಸೈಜರ್ ಎಂಬ ಎಲೆಕ್ಟ್ರಾನಿಕ್ ವಾದ್ಯಗಳಲ್ಲಿ ನುಡಿಸಿದ್ದು. ವಾದ್ಯಮೇಳದ ರೂಪವೂ ಸಿಗುತ್ತದೆ, ನೀವು ಚಿತ್ರದಲ್ಲಿರುವುದನ್ನೇ ಹುಡುಕಿ ಹಾಕಿ. ಸಾರ್ವಜನಿಕ ಪ್ರದರ್ಶನಕ್ಕೆ ಹಕ್ಕುದಾರರ ಅನುಮತಿ ಬೇಕಾಗುತ್ತದೆ. ದಿನಾಂಕ ಗೊತ್ತುಮಾಡುವ ಮೊದಲೇ ಆ ಕೆಲಸ ಮುಗಿಸಿಕೊಳ್ಳಿ.