ಯುದ್ಧಕಾಲದ ಬಗ್ಗೆ ದೇಶ ಕಟ್ಟಿಕೊಂಡ ಕಥೆಯನ್ನು ಸಾಕ್ಷ್ಯಚಿತ್ರ ಹೇಗೆ ಒಡೆಯುತ್ತದೆ?
ಫ್ರಾನ್ಸನ್ನೇ ನೋಡಿ. ಎರಡನೇ ಮಹಾಯುದ್ಧ ಮುಗಿದ ಮೇಲೆ ಅಲ್ಲಿ ಒಂದು ಕಥೆ ಬೇರೂರಿತ್ತು: ನಾಜಿಗಳ ವಿರುದ್ಧ ಇಡೀ ದೇಶ ನಿಂತಿತ್ತು, ಅವರ ಜೊತೆ ಕೈಜೋಡಿಸಿದವರು ಬೆರಳೆಣಿಕೆಯಷ್ಟೇ. ಮಾರ್ಸೆಲ್ ಒಫುಲ್ಸ್ ಅವರ ‘ದಿ ಸಾರೋ ಅಂಡ್ ದಿ ಪಿಟಿ’ (1969) ಅದನ್ನು ಕೆದಕಿತು. ನಾಲ್ಕು ಗಂಟೆಗೂ ಜಾಸ್ತಿ ಇರುವ ಚಿತ್ರ. ಕ್ಲೆರ್ಮೋ-ಫೆರಾಂ ಎಂಬ ಒಂದು ಊರನ್ನು ಹಿಡಿದು, ನಾಜಿಗಳನ್ನು ಎದುರಿಸಿದ ರೈತರು, ಅಲ್ಲಿದ್ದ ಜರ್ಮನ್ ಸೇನಾಧಿಕಾರಿ, ಹಿಟ್ಲರ್ ಪರ ಹೋರಾಡಿದ ಫ್ರೆಂಚ್ ಸಿರಿವಂತ, ಹೀಗೆ ಎಲ್ಲರನ್ನೂ ಮಾತಾಡಿಸುತ್ತದೆ. ಒಬ್ಬ ಅಂಗಡಿಯವನಂತೂ ‘ನಾನು ಯಹೂದಿಯಲ್ಲ’ ಎಂದು ಪೇಪರಿನಲ್ಲಿ ಜಾಹೀರಾತು ಕೊಟ್ಟಿದ್ದ! ಯಾಕೆಂದು ಕೇಳಿದರೆ ಅವನ ಸಮಜಾಯಿಷಿಯೇ ಎಲ್ಲ ಹೇಳಿಬಿಡುತ್ತದೆ. ಬೈಯುವ ಕೆಲಸ ನಿರ್ದೇಶಕರಿಗೆ ಉಳಿಯುವುದಿಲ್ಲ. ನನಗೆ ಚಿತ್ರದ ನಿಜವಾದ ಬಲ ಇದೇ ಅನ್ನಿಸುತ್ತದೆ. ಟೀವಿಗೆಂದೇ ಮಾಡಿದ್ದರೂ ಫ್ರಾನ್ಸಿನ ಸರ್ಕಾರಿ ಟೀವಿ ಇದನ್ನು 1981ರವರೆಗೂ ತೋರಿಸಲೇ ಇಲ್ಲ.