ನಿಜಾಮನ ಕಾಲದಲ್ಲಿ ಕೊಪ್ಪಳ, ರಾಯಚೂರು ಕಡೆಯ ಹೆಣ್ಣುಮಕ್ಕಳು ಒಬ್ಬರಿಗೊಬ್ಬರು ಹೇಗೆ ಆಸರೆಯಾದರು?

ದಿನದ ಕೆಲಸದ ಮೂಲಕವೇ. ಗಂಡಸರು ಸಭೆ ಸೇರಿದರೆ ಕಣ್ಣಿಗೆ ಬೀಳುತ್ತಿತ್ತು. ಬಾವಿಕಟ್ಟೆಯಲ್ಲಿ ನಾಲ್ಕು ಹೆಂಗಸರು ನಿಂತರೆ ಯಾರಿಗೆ ಅನುಮಾನ ಬರುತ್ತೆ, ಅಲ್ವಾ?

1947ರ ಆಗಸ್ಟ್‌ನಲ್ಲಿ ಭಾರತ ಸ್ವತಂತ್ರವಾದರೂ ಈ ಸೀಮೆ ಹೈದರಾಬಾದ್ ನಿಜಾಮನ ಕೈಯಲ್ಲೇ ಇತ್ತು. ಬಿಡುಗಡೆ ಸಿಕ್ಕಿದ್ದು 1948ರ ಸೆಪ್ಟೆಂಬರ್ 17ಕ್ಕೆ. ನಡುವಿನ ತಿಂಗಳುಗಳಲ್ಲಿ ರಜಾಕಾರರ, ಅಂದರೆ ನಿಜಾಮನ ಪರ ನಿಂತ ಖಾಸಗಿ ಪಡೆಯವರ, ಹಾವಳಿ ಜಾಸ್ತಿಯಾಯಿತು. ಹೋರಾಟಗಾರರು ಗಡಿ ದಾಟಿ ಮುಂಡರಗಿ, ಗಜೇಂದ್ರಗಡದಲ್ಲಿ ಶಿಬಿರ ಹಾಕಿದರು. ಊರಲ್ಲಿ ಉಳಿದವರು ಹೆಣ್ಣುಮಕ್ಕಳು.

ಅವರಲ್ಲಿ ಮೊದಲೇ ಒಂದು ಏರ್ಪಾಡು ಇತ್ತು: ಮುಯ್ಯಿ. ಇವತ್ತು ನಿಮ್ಮ ಹೊಲಕ್ಕೆ ನಾವು, ನಾಳೆ ನಮ್ಮ ಹೊಲಕ್ಕೆ ನೀವು. ಕಾಗದವಿಲ್ಲ, ಎಲ್ಲ ಬಾಯಿಲೆಕ್ಕ. ಹಾಗಾಗಿ ಹಿಡಿದು ಮುರಿಯಲು ಅಲ್ಲಿ ಏನೂ ಇರಲಿಲ್ಲ. ಗಂಡಸಿಲ್ಲದ ಮನೆಗೆ ಕಾಳು ಹೋಗಿದ್ದು, ಸುದ್ದಿ ಹೋಗಿದ್ದು ಇದೇ ದಾರಿಯಲ್ಲಿ.

ನಮ್ಮಜ್ಜಿ ರೊಟ್ಟಿಯ ಮಾತು ಹೇಳುತ್ತಿದ್ದಳು. ಹಂಚಿನ ಮೇಲೆ ಖಡಕ್ಕಾಗಿ ಒಣಗಿಸಿದ ಜೋಳದ ರೊಟ್ಟಿ ವಾರಗಟ್ಟಲೆ ಕೆಡುವುದಿಲ್ಲ. ಹೋರಾಟಗಾರರಿಗಾಗಿ ಅದನ್ನು ಮನೆಗೆ ಐದರಂತೆ ಕೂಡಿಸಿ, ಶೇಂಗಾ ಹಿಂಡಿ ಜೊತೆ ಬಟ್ಟೆಯಲ್ಲಿ ಕಟ್ಟುತ್ತಿದ್ದರಂತೆ. ತಲೆಮೇಲೆ ಬುಟ್ಟಿ ಹೊತ್ತವಳು ಹೊಲಕ್ಕೆ ಬುತ್ತಿ ಒಯ್ಯುವವಳು, ಅಷ್ಟೆ. ಅದು ಇಬ್ಬರ ಬುತ್ತಿಯೋ ಇಪ್ಪತ್ತು ಮಂದಿಯದೋ ಅಂತ ಯಾರೂ ಬಿಚ್ಚಿ ನೋಡುತ್ತಿರಲಿಲ್ಲ.